ಅಪೀಲ್ ಹಾಕಿದರೆ ಸಾಲದು, ಪುಟ್ಟಿ

ಚಿ. ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದ.

ಕಾಗದ ತಲುಪಿತು. ಬಾಡಿಗೆ ಮನೆ ಮಾಲೀಕರ ಜೊತೆ ಜಗಳ ಹೇಗೆ ಶುರುವಾಯಿತು, ಯಾರು ಏನಂದರು, ಅದೆಲ್ಲ ಎಲ್ಲರಿಗೂ ಗೊತ್ತಿರೋದೇ, ಬಿಡು. ಮನೆ ಖಾಲಿ ಮಾಡಿಸಲು ಅವರು ಹಾಕಿದ ಕೇಸ್ ನೀನು ಸೋತದ್ದೂ ನನ್ನನ್ನು ಅಷ್ಟು ಕಾಡಲಿಲ್ಲ. ಕೊನೆಯಲ್ಲಿ ಒಂದು ಸಾಲು ಬರೆದಿದ್ದೀಯಲ್ಲ, "ನಾನು ಕೆಲಸದಲ್ಲಿರುವಾಗ ಮಗಳು ಸ್ಕೂಲಿಂದ ಬಂದು ನೋಡಿದರೆ ಬಾಗಿಲಿಗೆ ಬೇರೆ ಬೀಗ ಬಿದ್ದಿರುತ್ತೇನೋ" ಅಂತ. ಅದನ್ನು ಓದಿದ ಮೇಲೆ ಬೇರೇನೂ ತಲೆಗೆ ಹೋಗಲಿಲ್ಲ.

ಹಾಗೆಲ್ಲ ಆಗಲ್ಲ ಅಂತ ಬರೆದುಬಿಡೋಣ ಅನ್ನಿಸಿತು. ಆದರೆ ಕೋರ್ಟಿನ ನಕಲು ವಿಭಾಗದಲ್ಲಿ ಸರ್ವೀಸು ಕಳೆದವನಿಗೆ ಸುಳ್ಳು ಸಮಾಧಾನ ಹೇಳಲು ಬರುವುದಿಲ್ಲ. ಮಾಲೀಕರು ತಾವಾಗಿಯೇ ಬಂದು ಬೀಗ ಹಾಕುವ ಹಾಗಿಲ್ಲ. ಹಾಕಿದರೆ 1963ರ ಸ್ಪೆಸಿಫಿಕ್ ರಿಲೀಫ್ ಆಕ್ಟ್ ಪ್ರಕಾರ 6 ತಿಂಗಳೊಳಗೆ ದಾವೆ ಹಾಕಿ ಮನೆ ವಾಪಸ್ ಕೇಳಬಹುದು. ಕೋರ್ಟಿನ ಆದೇಶ ಜಾರಿ ಮಾಡುವ ಅಮೀನ ವಾರಂಟ್ ಹಿಡಿದು ಬಂದರೆ ಮಾತು ಬೇರೆ. ಡಿಕ್ರಿ, ಅಂದರೆ ತೀರ್ಪಿನ ಮೇಲಿನ ಕೋರ್ಟಿನ ಆದೇಶ, ಆಗಿ 2 ವರ್ಷ ದಾಟಿಲ್ಲವಾದರೆ ಜಾರಿಗೆ ಮುಂಚೆ ನಿನಗೆ ನೋಟಿಸ್ ಕೊಡಲೇಬೇಕು ಅಂತೇನಿಲ್ಲ. ಅದಕ್ಕೇ ನಿನ್ನದು ಬರೀ ಹೆದರಿಕೆ ಅನ್ನಲಾರೆ. ಆದೇಶದಲ್ಲಿ ಖಾಲಿ ಮಾಡಲು ಎಷ್ಟು ಸಮಯ ಕೊಟ್ಟಿದ್ದಾರೆ, ಓದಿದೆಯಾ? ಅಷ್ಟು ದಿನವಾದರೂ ನಿದ್ದೆ ಮಾಡು.

ಕೇಸ್ ಸೋತ ಕಕ್ಷಿದಾರರೊಬ್ಬರು ನೆನಪಾಗುತ್ತಾರೆ. "ಅಪೀಲ್ ಹಾಕಿಯಾಯ್ತು, ಇನ್ನು ಯಾರೂ ನಮ್ಮನ್ನು ಮುಟ್ಟೋ ಹಾಗಿಲ್ಲ" ಅಂತ ನಮ್ಮ ಕಿಟಕಿ ಹತ್ತಿರ ನಗುತ್ತಾ ಹೇಳಿದರು. ಅಪೀಲ್ ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ಸ್ಟೇ, ಅಂದರೆ ತಡೆಯಾಜ್ಞೆ, ಬೇರೆಯೇ ಕೇಳಬೇಕು. ಸಿಪಿಸಿ, ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 41, ರೂಲ್ 5 ಹೇಳುವುದೇ ಅದನ್ನು. ಆದರೆ ನಮ್ಮಂಥ ಗುಮಾಸ್ತರು ಕಕ್ಷಿದಾರರಿಗೆ ಸಲಹೆ ಕೊಡುವ ಹಾಗಿರಲಿಲ್ಲ. ಆಮೇಲೆ ಅವರ ಮನೆ ಖಾಲಿ ಮಾಡಿಸಿದ ಅಮೀನನ ವರದಿ ನನ್ನ ಮೇಜಿಗೇ ನಕಲಿಗೆ ಬಂತು. ಅವರಿಗೆ ಮಕ್ಕಳಿದ್ದರೋ ಏನೋ. ಇಷ್ಟು ವರ್ಷ ಆ ಪ್ರಶ್ನೆ ಬಂದಿರಲಿಲ್ಲ, ನಿನ್ನ ಕಾಗದ ಬಂದ ಮೇಲೆ ಬಿಡುತ್ತಿಲ್ಲ.

ನಿನಗೆ ವಕೀಲರಿದ್ದಾರೆ, ನಾನು ಮೂಗು ತೂರಿಸಬಾರದು. ಆದರೂ ಕೇಳು, ಅಪೀಲಿನ ಜೊತೆಗೇ ಸ್ಟೇ ಅರ್ಜಿ ಇದೆಯಾ ಅಂತ. ಅಪೀಲ್ ಸಿದ್ಧವಾಗಲು ತಡವಾಗುವುದಾದರೆ, ಅಪೀಲಿನ ಗಡುವು ಮುಗಿಯುವ ಮುಂಚೆ ತೀರ್ಪು ಕೊಟ್ಟ ಕೋರ್ಟಿನಲ್ಲೇ ತಾತ್ಕಾಲಿಕವಾಗಿ ಸ್ಟೇ ಕೇಳಬಹುದು. ಮಗಳ ವಿಷಯಕ್ಕೆ ಹೇಳುತ್ತಿದ್ದೇನೆ, ನಡುವೆ ಒಂದು ದಿನವೂ ಖಾಲಿ ಬಿಡಬೇಡ.

ಬಾಡಿಗೆ ನಿಲ್ಲಿಸಬೇಡ. ಸಿಟ್ಟಿರುತ್ತೆ, ಗೊತ್ತು. ಸ್ಟೇ ಕೊಡುವಾಗ ಹಳೇ ಬಾಡಿಗೆಗಿಂತ ಜಾಸ್ತಿ ಕಟ್ಟು ಅಂತಲೂ ಕೋರ್ಟ್ ಷರತ್ತು ಹಾಕಬಹುದು. 2004ರಲ್ಲಿ ಆತ್ಮಾರಾಮ್ ಪ್ರಾಪರ್ಟೀಸ್ ಕೇಸಿನಲ್ಲಿ ಸುಪ್ರೀಂ ಕೋರ್ಟೇ ಇದನ್ನು ಒಪ್ಪಿದೆ. ಆ ದುಡ್ಡು ಹೊಂದಿಸಲು ಆಗುತ್ತಾ, ಮೊದಲೇ ಲೆಕ್ಕ ಹಾಕಿಕೋ. ಕಮ್ಮಿ ಬಿದ್ದರೆ ಸಂಕೋಚ ಬೇಡ, ಕೇಳು.

ಮಗಳಿಗೆ ಇನ್ನೂ ಏನೂ ಹೇಳಿಲ್ಲ ಅಂದಿದ್ದೀಯ. ಹೇಳು ಅನ್ನಲು ನನಗೆ ಧೈರ್ಯ ಸಾಲದು. ಸ್ಟೇ ಸಿಗುವವರೆಗೆ ಅವಳು ಸ್ಕೂಲಿಂದ ಸೀದಾ ಗೆಳತಿಯ ಮನೆಗೆ ಹೋಗಲಿ, ನೀನು ಕೆಲಸ ಮುಗಿಸಿ ಕರೆದುಕೊಂಡು ಬಾ. ಕಾರಣ ಏನಾದರೂ ಹೇಳಬಹುದು, ಅಲ್ವಾ? ಅವಳ ಪುಸ್ತಕ, ಸರ್ಟಿಫಿಕೇಟ್ ಒಂದು ಚೀಲದಲ್ಲಿ ಬೇರೆ ಇಟ್ಟಿರು. ಇದನ್ನು ಬರೆಯಲೂ ಸಂಕಟವಾಗುತ್ತೆ.

ಅಪೀಲಿಗೆ ಬೇಕಾದ ತೀರ್ಪಿನ ಸರ್ಟಿಫೈಡ್ ಕಾಪಿಗೆ ಅರ್ಜಿ ಹಾಕಿದೆಯಾ? ಸಾಮಾನ್ಯ ಸಿವಿಲ್ ಅಪೀಲಿಗೆ ಜಿಲ್ಲಾ ಕೋರ್ಟಾದರೆ 30 ದಿನ, ಹೈಕೋರ್ಟಾದರೆ 90. ಬಾಡಿಗೆ ಕಾಯ್ದೆಯಡಿ ಆದ ಆದೇಶವಾದರೆ ದಾರಿಯೂ ಗಡುವೂ ಬೇರೆ ಇರಬಹುದು, ವಕೀಲರನ್ನು ಕೇಳು. ಕಾಪಿ ತಯಾರಾಗಲು ಹಿಡಿದ ದಿನಗಳನ್ನು ಲೆಕ್ಕದಿಂದ ಕಳೆಯುತ್ತಾರೆ. ಕಾಪಿಯ ಹಿಂಬದಿ ಸೀಲಿನಲ್ಲಿ ತಾರೀಖುಗಳಿರುತ್ತವೆ. ಅದರ ಫೋಟೋ ಕಳಿಸು. ದಿನದ ಲೆಕ್ಕ ನಾನು ಹಾಕಿ ಹೇಳುತ್ತೇನೆ, ಅಷ್ಟಾದರೂ ನನಗೆ ಬರುತ್ತೆ.

ಇಂತಿ,
ದೊಡ್ಡಪ್ಪ