ದೊಡ್ಡವ್ವ ಕೇಳಿಸಿಕೊಂಡ ಸದ್ದು

ಮೊನ್ನೆ ಭಾನುವಾರ ಕಲಬುರಗಿಯ ಕನ್ನಡ ಭವನದಲ್ಲಿ, ಲಾವೋಸ್‌ನ ಮಣ್ಣಲ್ಲಿ ಸಿಡಿಯದೆ ಉಳಿದ ಬಾಂಬ್‌ಗಳ ಕುರಿತ ನಮ್ಮ ಸಾಕ್ಷ್ಯಚಿತ್ರದ ಮೊದಲ ಪ್ರದರ್ಶನ ಆಯಿತು. ನಾಲ್ಕು ವರ್ಷದ ಕೆಲಸ. ಕೈಗಡ ಕೊಟ್ಟು ಇನ್ನೂ ವಾಪಸ್ ಕೇಳದ ಗೆಳೆಯರಿಗೆ, ಕ್ಯಾಮೆರಾ ಹಿಡಿದ ತಮ್ಮನಿಗೆ, ಲಾವೋ ಮಾತನ್ನು ಸಾಲು ಸಾಲಾಗಿ ಬಿಡಿಸಿ ಹೇಳಿದ ಅಕ್ಕನಿಗೆ, ಕೆಲಸ ಬಿಟ್ಟು ಬಂದು ನೋಡಿದ ಎಲ್ಲರಿಗೂ ಶರಣು.

ಉಳಿದ ಮಾತೆಲ್ಲ ನಮ್ಮ ದೊಡ್ಡವ್ವನಿಗೆ.

ಲಾವೋಸ್‌ನ ಶಿಯೆಂಗ್ ಖುವಾಂಗ್ ಪ್ರಾಂತ್ಯದಿಂದ ಒಂದು ದಿನ ಫೋನ್ ಬಂತು: ನಾವು ಚಿತ್ರೀಕರಿಸಿದ್ದ ಹುಡುಗನೊಬ್ಬ ತೀರಿಕೊಂಡಿದ್ದ. ಆ ಹುಡುಗನ ಹಿಂದೆ ಮೂರು ದಿನ ಓಡಾಡಿದವರು ನಾವು. ಅವನ ದೃಶ್ಯಗಳನ್ನೆಲ್ಲ ಅಳಿಸಿಬಿಡಬೇಕೆಂದು ಕೂತಿದ್ದೆ. ದೊಡ್ಡವ್ವ ಸಂಜೆಯ ಬಸ್ಸಿಗೆ ಆಳಂದಕ್ಕೆ ಹೊರಟಿದ್ದವಳು ಚೀಲವನ್ನು ಮೂಲೆಗಿಟ್ಟು ಪಕ್ಕಕ್ಕೆ ಬಂದು ಕೂತಳು. ಸಮಾಧಾನದ ಒಂದು ಮಾತೂ ಆಡಲಿಲ್ಲ. "ಏನ್ ಮಾಡಿದಿ, ತೋರ್ಸು" ಅಂದಳು.

ತೋರಿಸುತ್ತಾ ಹೋದೆ. ಹೊಲದಲ್ಲಿ ಹೆಂಗಸೊಬ್ಬಳು ನೆಲ ಅಗೆಯುತ್ತಿದ್ದಾಳೆ. ಮಾತಿಲ್ಲ. ಗುದ್ದಲಿ ಯಾವುದಕ್ಕೋ ತಾಗಿ ಠಣ್ ಅನ್ನುತ್ತದೆ, ಅವಳ ಕೈ ಅಲ್ಲೇ ನಿಲ್ಲುತ್ತದೆ. ಬೇಡವೆಂದು ನಾನು ಪಕ್ಕಕ್ಕೆ ಇಟ್ಟಿದ್ದ ತುಣುಕು ಅದು.

"ತಡಿ, ಹಿಂದಕ್ ಹಾಕು" ಅಂದಳು ದೊಡ್ಡವ್ವ. ಇನ್ನೊಮ್ಮೆ ಕೇಳಿದಳು. "ನಾವು ಕಳಿ ತಗಿಯಾಗ ಕುರ್ಪಿಗಿ ಕಲ್ಲ್ ಹತ್ತಿದ್ರ ಹಿಂಗೇ ಅಂತದ. ಎತ್ತಿ ಬದುವಿಗಿ ಒಗಿತೀವಿ. ಆಕಿ ಏನ್ ಮಾಡ್ಬೇಕ ಯವ್ವಾ?"

ನನಗೆ ಅಂಕಿಗಳೆಲ್ಲ ಬಾಯಿಪಾಠ. 1964ರಿಂದ 1973ರವರೆಗೆ ಅಮೆರಿಕ ಲಾವೋಸ್ ಮೇಲೆ 20 ಲಕ್ಷ ಟನ್‌ಗೂ ಹೆಚ್ಚು ಬಾಂಬ್ ಸುರಿಯಿತು. ಕ್ಲಸ್ಟರ್ ಬಾಂಬ್‌ಗಳ ಹೊಟ್ಟೆಯಿಂದ ಉದುರಿದ 27 ಕೋಟಿ ಮರಿಬಾಂಬ್‌ಗಳಲ್ಲಿ ಸುಮಾರು 8 ಕೋಟಿ ಸಿಡಿಯದೆ ಮಣ್ಣಲ್ಲಿ ಉಳಿದವೆಂಬ ಅಂದಾಜಿದೆ. ಹೆಚ್ಚಿನವು ಟೆನಿಸ್ ಚೆಂಡಿನಷ್ಟು ಗಾತ್ರ, ಅಲ್ಲಿಯವರ ಬಾಯಲ್ಲಿ 'ಬಾಂಬಿ'. ಇದನ್ನೆಲ್ಲ ಮೊದಲ ಐದು ನಿಮಿಷಕ್ಕೇ ತುರುಕಿ, ಅದೇ ಚಿತ್ರದ ಬಲ ಅಂದುಕೊಂಡಿದ್ದೆ. ಮೂರು ಎಕರೆ ತೊಗರಿ ಹೊಲದಲ್ಲಿ ಸೊಂಟ ಬಗ್ಗಿಸಿದವಳಿಗೆ ಒಂದು ಸದ್ದು ಸಾಕಾಯಿತು. ಈಗ ಚಿತ್ರ ಆ ಸದ್ದಿನಿಂದಲೇ ಶುರುವಾಗುತ್ತದೆ.

ಬೆಳಗಿನ ಜಾವ ಆ ಹುಡುಗನ ಮುಖ ಬಂತು. ರಬ್ಬರ್ ಚೆಂಡು ಹಿಡಿದು ನಗುತ್ತಿದ್ದ. ದೊಡ್ಡವ್ವ ಸೆರಗಿನ ತುದಿಯಿಂದ ಕಂಪ್ಯೂಟರಿನ ಪರದೆ ಒರೆಸಿದಳು. ಅಲ್ಲಿ ಧೂಳೇನೂ ಇರಲಿಲ್ಲ. ನಾನು ಬಿಕ್ಕಿ ಬಿಕ್ಕಿ ಅತ್ತೆ. "ತಗಿಬ್ಯಾಡ. ಇದ್ರಾಗರ ಅಂವ ನಗ್ಲಿ" ಅಂದಳು. ಅವನು ಚಿತ್ರದಲ್ಲಿ ಉಳಿದ.

ಕ್ಲಸ್ಟರ್ ಬಾಂಬ್ ನಿಷೇಧಿಸುವ 2008ರ ಒಪ್ಪಂದಕ್ಕೆ ಭಾರತ ಇನ್ನೂ ಸಹಿ ಹಾಕಿಲ್ಲ. ಹಾಕಬೇಕೆಂಬ ನಮ್ಮ ಮನವಿಗೆ ಅಂದು ಬಾಗಿಲಲ್ಲೇ ನಿಂತು ಸಹಿ ಮಾಡಿದ ಪ್ರತಿಯೊಬ್ಬರಿಗೂ ನಾನು ಋಣಿ. ಮೊದಲ ಸಹಿ ದೊಡ್ಡವ್ವನದು. ಹಿಂದೆ ಸಾಲು ಬೆಳೆಯುತ್ತಿದ್ದರೂ ಒಂದೊಂದೇ ಅಕ್ಷರ ಒತ್ತಿ ಒತ್ತಿ ಬರೆದಳು.

ಮುಂದಿನ ಪ್ರದರ್ಶನ ಅವಳ ಊರಲ್ಲಿ, ತೊಗರಿ ರಾಶಿ ಮುಗಿದ ಮೇಲೆ. ಗುಡಿ ಮುಂದಿನ ಬಯಲಲ್ಲಿ ಪರದೆ ಕಟ್ಟುತ್ತೇವೆ. ಓಣಿಯ ಹೆಂಗಸರಿಗೆಲ್ಲ ಅವಳು ಈಗಾಗಲೇ ಹೇಳಿ ಬಂದಿದ್ದಾಳೆ.