ಗೋಣಿಚೀಲದ ಅಣ್ಣನಿಗೆ

ಅಣ್ಣಾ, ನಿಮ್ಮ ಹೆಸರು ಕೇಳೋದನ್ನೇ ಮರೆತೆವು. ಕೊಡಗಿನ ಮಳೆಗಾಲದ ಕಕ್ಕಡ ತಿಂಗಳಲ್ಲಿ, ಸುರಿವ ಮಳೆಯಲ್ಲಿ, ಮಡಿಕೇರಿ ಹತ್ತಿರದ ಹಳೇ ತೋಟದ ಮನೆಯಲ್ಲಿ ಶೂಟಿಂಗ್ ಮಾಡುತ್ತಿದ್ದ ಹುಡುಗರು ನಾವು.

ನಾವು ಚಿತ್ರ ಮಾಡುತ್ತಿದ್ದದ್ದು ಅಮೆರಿಕದ ಲೇಖಕ ಎಡ್ಗರ್ ಅಲನ್ ಪೋ ಅವರ ‘ದಿ ಟೆಲ್-ಟೇಲ್ ಹಾರ್ಟ್’ ಕಥೆಯನ್ನು. ಅದು ಪ್ರಕಟವಾಗಿದ್ದು 1843ರಲ್ಲಿ. ಕೊಂದವನಿಗೆ ನೆಲದ ಹಲಗೆ ಕೆಳಗಿಂದ ಮುದುಕನ ಎದೆಬಡಿತ ಕೇಳಿಸುತ್ತದೆ. ಹತ್ತಿಯಲ್ಲಿ ಸುತ್ತಿಟ್ಟ ಗಡಿಯಾರದ ಥರ, ಸಣ್ಣ ಸದ್ದು. ಅದೇ ಕಥೆಯ ಜೀವ ಅಲ್ವಾ? ನಮ್ಮ ಮೈಕಿಗೆ ಸಿಕ್ಕಿದ್ದು ಬರೀ ತಗಡಿನ ಮೇಲಿನ ಮಳೆ.

ದಾರಿಯಲ್ಲಿ ಹೋಗುತ್ತಿದ್ದ ನೀವು ಜೀಪ್ ನಿಲ್ಲಿಸಿದಿರಿ. ಕಾಫಿ ತುಂಬುವ ಖಾಲಿ ಗೋಣಿಚೀಲ ಇಳಿಸಿ, ನೆನೆಯುತ್ತಲೇ ಏಣಿ ಹತ್ತಿದಿರಿ. ತಗಡಿನ ಮೇಲೆ ಎರಡು ಪದರ ಹಾಸಿ ಕಲ್ಲು ಹೇರಿದಿರಿ. ಟಪಟಪ ಸದ್ದು ಪಿಸುಮಾತಾಯಿತು.

ಕಥೆಯಲ್ಲಿ ಮುದುಕನ ಕಣ್ಣಿನ ಮೇಲೆ ಲಾಟೀನಿನ ಒಂದೇ ಎಳೆ ಬೆಳಕು ಬೀಳುತ್ತದೆ. ಅದನ್ನು ಹೇಳಿದ್ದೇ ತಡ, ಹಾಲಿನ ಪುಡಿ ಡಬ್ಬಿಗೆ ಮೊಳೆಯಿಂದ ತೂತು ಹೊಡೆದು ಟಾರ್ಚಿಗೆ ಕವುಚಿದಿರಿ. ಮಸಿ ಹಿಡಿದ ಗೋಡೆ ಮೇಲೆ ದಾರದಂಥ ಬೆಳಕು. ಯಾರೂ ಮಾತಾಡಲಿಲ್ಲ.

ದುಡ್ಡು ಬೇಡ ಅಂದಿರಿ. ಬೆಲ್ಲದ ಕಾಫಿ ಮಾತ್ರ ಕುಡಿದು ಹೊರಟಿರಿ.

ಚಿತ್ರ ಮುಗಿದಿದೆ ಅಣ್ಣಾ. ತುಂಬಾ ಥ್ಯಾಂಕ್ಸ್. ನಿಮ್ಮ ಗೋಣಿಚೀಲ ಒಣಗಿಸಿ ಮಡಚಿಟ್ಟಿದ್ದೇವೆ, ಬನ್ನಿ. ಮೊದಲು ನೋಡಬೇಕಾದವರು ನೀವೇ.