ದೇವರ ಮನೆಯ ಫೋಟೋದಲ್ಲಿರುವವರು ಚಿಕ್ಕೋಡಿಯವರು

ಸಂಪಾದಕರಿಗೆ ನಮಸ್ಕಾರ.

ನಮ್ಮ ಜಿಲ್ಲೆಯ ಸಿನಿಮಾ ಮಂದಿ ಬಗ್ಗೆ ನಿಮ್ಮಲ್ಲಿ ಬಂದ ಲೇಖನ ಓದಿದೆ. ಚೆನ್ನಾಗಿತ್ತು. ಆದರೆ ಒಂದು ಹೆಸರನ್ನು ಎರಡು ಸಲ ಹುಡುಕಿದೆ, ಸಿಗಲಿಲ್ಲ. ವಿಷ್ಣುಪಂತ ಪಾಗನೀಸ, ಹಳೇ ಮರಾಠಿ ಸಿನಿಮಾ ನಟ. ಹುಟ್ಟಿದ್ದು 1892ರಲ್ಲಿ, ನಮ್ಮ ಚಿಕ್ಕೋಡಿಯಲ್ಲೇ.

ನಿಮ್ಮನ್ನು ಬೈಯ್ಯೋಕೆ ಬರೆಯುತ್ತಿಲ್ಲ. ನನಗೂ ಈಚೆಗಷ್ಟೇ ಗೊತ್ತಾಗಿದ್ದು.

ನಮ್ಮ ದೇವರ ಮನೆಯಲ್ಲಿ ವಿಠ್ಠಲನ ಪಕ್ಕ ತುಕಾರಾಮರದೊಂದು ಹಳೇ ಫೋಟೋ ಇದೆ. ಕಟ್ಟಿಗೆಯ ಚೌಕಟ್ಟು, ಮೂಲೆಯಲ್ಲಿ ಗಾಜು ಸೀಳಿದೆ. ಅವ್ವ ದಿನಾ ಅದಕ್ಕೆ ಬುಕ್ಕಿಟ್ಟು ಹಚ್ಚಿ ಹಚ್ಚಿ ಹಣೆಯ ಜಾಗದಲ್ಲಿ ಗಾಜೇ ಕಪ್ಪಾಗಿದೆ. ಪಂಢರಪುರಕ್ಕೆ ಹೋದಾಗ ಅಜ್ಜ ತಂದದ್ದಂತೆ. ಒಂದು ದಿನ ತಂಗಿಯ ಮಗ ಮೊಬೈಲಿನಲ್ಲಿ ಹಳೇ 'ಸಂತ ತುಕಾರಾಮ್' ಸಿನಿಮಾ ಹಚ್ಚಿಕೊಂಡು ಕೂತಿದ್ದ, ನಾನು ಸುಮ್ನೆ ಹಿಂದಿನಿಂದ ಇಣುಕಿದೆ. ಅದೇ ಮುಖ! ಅದೇ ಪೇಟ, ಅರ್ಧ ಮುಚ್ಚಿದ ಅದೇ ಕಣ್ಣು. ಇಷ್ಟು ವರ್ಷ ನಾವು ಕೈಮುಗಿದದ್ದು ಒಬ್ಬ ನಟನ ಫೋಟೋಗೆ. ಅವ್ವನಿಗೆ ಹೇಳಿದರೆ, "ಇದ್ದರೆ ಇರಲಿ, ಹೂವು ತಗೊಂಡು ಬಾ" ಅಂದಳು.

ತುಕಾರಾಮರ ಕಾಲದಲ್ಲಿ ಕ್ಯಾಮೆರಾ ಎಲ್ಲಿತ್ತು? ಆ ಸಿನಿಮಾ ಬಂದ ಮೇಲೆ ಎಷ್ಟೋ ಮನೆಗಳಲ್ಲಿ ಪಾಗನೀಸರ ಮುಖವೇ ತುಕಾರಾಮರ ಮುಖ ಆಗಿಹೋಯಿತು. ನಟನಿಗೆ ಇದಕ್ಕಿಂತ ದೊಡ್ಡ ಬಹುಮಾನ ಇನ್ನೇನು ಬೇಕು ಹೇಳಿ. ತಮಾಷೆ ಅಂದರೆ, ಮುಖ ಉಳಿಯಿತು, ಹೆಸರು ಹೋಯಿತು.

ಅವರು ಚಿಕ್ಕಂದಿನಲ್ಲೇ ನಾಟಕ ಕಂಪನಿ ಸೇರಿ ಹೆಣ್ಣಿನ ಪಾತ್ರ ಮಾಡುತ್ತಿದ್ದವರು. ಆಮೇಲೆ ಮುಂಬೈಯಲ್ಲಿ ಸಂಗೀತ ಮೇಷ್ಟ್ರು. ಪುಣೆಯ ಪ್ರಭಾತ್ ಕಂಪನಿ ತುಕಾರಾಮರ ಸಿನಿಮಾ ಮಾಡಲು ಹೊರಟಾಗ, ಹೆಣ್ಣಿನ ಪಾತ್ರ ಮಾಡಿದವನು ಸಂತನ ವೇಷಕ್ಕೆ ಒಗ್ಗುತ್ತಾನಾ ಅಂತ ನಿರ್ದೇಶಕರಾದ ದಾಮ್ಲೆ, ಫತ್ತೇಲಾಲರಿಗೆ ಮೊದಲು ಅನುಮಾನ ಇತ್ತು. ಸಿನಿಮಾ ನೋಡಿ, ಆ ನಡಿಗೆಯ ಮೆತ್ತಗಿನತನವೇ ಕೆಲಸ ಮಾಡಿದೆ. ಹೆಂಡತಿ ಜಿಜಾಯಿ ಬಾಯಿಗೆ ಬಂದಂತೆ ಬೈಯುವಾಗ ಈ ಮನುಷ್ಯ ತಿರುಗಿ ಏರುದನಿಯಲ್ಲಿ ಮಾತಾಡೋದಿಲ್ಲ, ತಲೆ ತಗ್ಗಿಸಿ ಹುಡುಗನ ಹಾಗೆ ನಗುತ್ತಾರೆ, ಅವಳ ಸಿಟ್ಟೂ ಸರಿಯೇ ಅನ್ನೋ ಹಾಗೆ. (ಜಿಜಾಯಿ ಮಾಡಿದ ಗೌರಿಯವರದು ಇನ್ನೊಂದು ಕಥೆ, ಅವರಿಗೇ ಬೇರೆ ಪತ್ರ ಬೇಕು.) ಹಾಡುವಾಗಲೂ ಗಂಟಲಿನ ಕಸರತ್ತು ಇಲ್ಲ. ಭಜನೆಯಲ್ಲಿ ಮುಂದೆ ಕೂತವರು ಹಾಡಿದ ಹಾಗಿದೆ. ಟಾಕಿ, ಅಂದರೆ ಮಾತಾಡೋ ಸಿನಿಮಾ, ಬಂದು ಐದೇ ವರ್ಷ, ಸಿನಿಮಾದಲ್ಲೂ ರಂಗದ ಮೇಲಿನ ಹಾಗೆ ಕೂಗಿ ಮಾತಾಡೋ ಕಾಲ ಅದು!

1936ರಲ್ಲಿ ಬಿಡುಗಡೆಯಾದ ಸಿನಿಮಾ ಮುಂಬೈಯ ಒಂದೇ ಥಿಯೇಟರಿನಲ್ಲಿ ವರ್ಷಕ್ಕಿಂತ ಜಾಸ್ತಿ ಓಡಿತು, 1937ರಲ್ಲಿ ಇಟಲಿಯ ವೆನಿಸ್ ಚಿತ್ರೋತ್ಸವದಲ್ಲಿ ಮನ್ನಣೆ ಪಡೆಯಿತು. ಆಮೇಲೆ ಪಾಗನೀಸರಿಗೆ ಬಂದದ್ದೆಲ್ಲ ಸಂತರ, ಭಕ್ತರ ಪಾತ್ರಗಳೇ. 1939ರಲ್ಲಿ ತುಳಸೀದಾಸ, 1940ರಲ್ಲಿ ನರಸೀ ಭಗತ, 1943ರಲ್ಲಿ ವಿದುರ. ಒಬ್ಬ ಕಳ್ಳನದೋ, ಸಾಹುಕಾರನದೋ ಪಾತ್ರ ಕೊಟ್ಟು ನೋಡಬೇಕಿತ್ತು ಅಂತ ನನಗೆ ಅನಿಸುತ್ತದೆ. 1943ರಲ್ಲೇ ತೀರಿಕೊಂಡರು.

ಚಹಾದಂಗಡಿಯಲ್ಲಿ ಈ ಮಾತು ತೆಗೆದರೆ ಗೆಳೆಯನೊಬ್ಬ, "ಅದು ಮರಾಠಿ ಸಿನಿಮಾ, ನಮಗೇನು" ಅಂದ. ಅಲ್ಲಪ್ಪ, ಆಗ ಬೆಳಗಾವಿಯೂ ಪುಣೆಯೂ ಒಂದೇ ಮುಂಬೈ ಪ್ರಾಂತ್ಯದಲ್ಲಿದ್ದವು. ಮೊದಲ ಕನ್ನಡ ಟಾಕಿ ಬಂದದ್ದೇ 1934ರಲ್ಲಿ. ಹಾಡು ಬಲ್ಲ ಹುಡುಗ ಕಂಪನಿ ಇದ್ದ ಕಡೆ ಹೋದ. ಅವರು ಮನೆಯಲ್ಲಿ ಯಾವ ಭಾಷೆ ಆಡುತ್ತಿದ್ದರು ಅನ್ನೋ ಜಗಳ ನನಗೆ ಬೇಡ. ಪಂಢರಪುರದ ವಿಠ್ಠಲನನ್ನೇ ಮರಾಠಿ ಸಂತ ಜ್ಞಾನೇಶ್ವರರು ಕರ್ನಾಟಕದವನು ಅಂತ ಹಾಡಿಲ್ವಾ? ಗಡಿಯ ಜಗಳದಲ್ಲಿ ಅತ್ತ ಕಡೆಯವರಿಗೆ ಇವರು ಪುಣೆಯ ಸಿನಿಮಾದವರು, ಇತ್ತ ಕಡೆಯವರಿಗೆ ಮರಾಠಿಯವರು. ಊರು ಮಾತ್ರ ಎಲ್ಲರಿಗೂ ಮರೆತುಹೋಗಿದೆ.

ಪುತ್ಥಳಿ ಕೇಳುತ್ತಿಲ್ಲ. ಪುತ್ಥಳಿ ಅಂದ ಕೂಡಲೇ ಸಮಿತಿ, ಚಂದಾ, ಮತ್ತೆ ಅದೇ ಜಗಳ. ಚಿಕ್ಕೋಡಿಯಲ್ಲಿ ಎಲ್ಲಾದರೂ ನಾಲ್ಕು ಜನ ನಿಂತು ಓದುವ ಕಡೆ ಒಂದು ಫಲಕ ಹಾಕಿ. ಮತ್ತೆ ಆಷಾಢ ಏಕಾದಶಿ ರಾತ್ರಿ ಈ ಸಿನಿಮಾವನ್ನು ಬಯಲಲ್ಲಿ ತೋರಿಸೋಣ. ಎರಡು ತಾಸಿನ ಮೇಲೆ ಸ್ವಲ್ಪ ಆಗುತ್ತದೆ, ಅಷ್ಟೇ. ಮರಾಠಿ ಬಾರದವರಿಗೆ ನಡುನಡುವೆ ನಾನೇ ಕನ್ನಡದಲ್ಲಿ ಹೇಳುತ್ತೇನೆ. ಪ್ರೊಜೆಕ್ಟರ್ ಬಾಡಿಗೆ ನನ್ನದು, ಪರದೆಗೆ ಅಜ್ಜನ ಧೋತರ ಇದೆ. ಮಳೆಗಾಲ, ಆದ್ದರಿಂದ ಮೇಲೆ ತಾಡಪತ್ರಿ ಕಟ್ಟಲು ಯಾರಾದರೂ ಇಬ್ಬರು ಬಂದರೆ ಸಾಕು.

ಚಿಕ್ಕೋಡಿಯ ಒಬ್ಬ ಓದುಗ